ಚೊಂಬು ನೀರು ಕೇಳುವ ನೀಲಾವತಿ

ಬೆಳಗ್ಗೆ ಆರೂವರೆ. ಕಕ್ಕಿಂಜೆಯಲ್ಲಿ ಬಸ್ಸಿಳಿದು ಒಂದು ಮೈಲು ನಡೆದು ಬಂದ ನೀಲಾವತಿ, ಆಸ್ಯಮ್ಮನ ಅಂಗಳದಲ್ಲಿ ನಿಂತು ಒಂದು ಚೊಂಬು ನೀರು ಕೇಳುತ್ತಾರೆ. ಅವರ ಚೀಲದಲ್ಲಿ ತುಂಬಿದ ಬಾಟಲಿ ಇದೆ, ಬಾಯಾರಿಕೆಯೂ ಇಲ್ಲ. ಆಸ್ಯಮ್ಮ ಕೊಡಪಾನ ಎತ್ತಿಕೊಂಡು ಬೇಲಿಯ ತಡಮೆ ದಾಟಿ, ರಬ್ಬರು ಮರಗಳ ನಡುವೆ ಸವೆದ ದಾರಿಯಲ್ಲಿ ಬಾವಿಗೆ ಹೋಗುತ್ತಾರೆ. ನೀಲಾವತಿಯ ಕಣ್ಣು ಅವರ ಕಾಲನ್ನೇ ಹಿಂಬಾಲಿಸುತ್ತದೆ.

ಇದು ಕಳೆದ ಡಿಸೆಂಬರಿನ ಮಾತು. ಐವತ್ತೆಂಟರ ನೀಲಾವತಿ ಬಂಟ್ವಾಳದ ವಕೀಲರೊಬ್ಬರ ಕಚೇರಿಯಲ್ಲಿ ಮೂವತ್ತೊಂದು ವರ್ಷಗಳಿಂದ ಗುಮಾಸ್ತೆ. ಗಡಿ ತಕರಾರಿನ ದಾವೆ ಬಂದರೆ ಯಾರನ್ನೆಲ್ಲ ಪ್ರತಿವಾದಿ ಮಾಡಬೇಕೆಂಬ ಪಟ್ಟಿ ಸಿದ್ಧಪಡಿಸುವುದು ಅವರೇ. ಪಹಣಿ ನೋಡಿ ಹೆಸರು ಬರೆದುಕೊಟ್ಟರೂ ಸಂಬಳ ಅಷ್ಟೇ. ಆದರೆ ಇವರಿಗೆ ಪಹಣಿಯೊಂದೇ ಸಾಲದು. "ಪಹಣಿಗೆ ಬಾಯಾರಿಕೆ ಆಗುವುದಿಲ್ಲ ನೋಡಿ," ಎನ್ನುತ್ತಾರೆ. "ಯಾರಿಗೆ ಯಾವ ಬಾವಿ ಅಂತ ಬೆಳಗ್ಗೆ ನೀರು ಕೇಳಿದರೆ ಗೊತ್ತಾಗ್ತದೆ."

ಜತ್ತಪ್ಪ ಮತ್ತು ಶೇಖರ ಎಂಬ ನೆರೆಹೊರೆಯವರು ಹತ್ತು ಸೆಂಟ್ಸ್ ಜಾಗಕ್ಕಾಗಿ ಬೆಳ್ತಂಗಡಿ ಕೋರ್ಟಿನಲ್ಲಿ ಜಗಳಾಡುತ್ತಿದ್ದರು. ಜತ್ತಪ್ಪ ಇದೇ ಕಚೇರಿಯ ಮೂಲಕ ದಾವೆ ಹಾಕುವಾಗ ನೀಲಾವತಿ ಮಂಡಿ ಶಸ್ತ್ರಚಿಕಿತ್ಸೆಗೆಂದು ಆಸ್ಪತ್ರೆಯಲ್ಲಿದ್ದರು. ಪಟ್ಟಿಯಲ್ಲಿ ಶೇಖರನ ಹೆಸರು ಮಾತ್ರ ಸೇರಿತು. ಆಸ್ಯಮ್ಮನ ಮನೆಗೆ ಇರುವ ಒಂದೇ ಬಾವಿ ಅದೇ ಹತ್ತು ಸೆಂಟ್ಸಿನೊಳಗಿದೆ ಎಂಬುದು ಯಾವ ಕಾಗದದಲ್ಲೂ ಇರಲಿಲ್ಲ.

ನೀರು ಕೇಳಿದ ಬೆಳಗ್ಗೆ ಅದನ್ನು ಕಣ್ಣಾರೆ ಕಂಡ ನೀಲಾವತಿ, ಆಸ್ಯಮ್ಮನನ್ನೂ ಪಟ್ಟಿಗೆ ಸೇರಿಸಬೇಕೆಂದಾಗ ಜತ್ತಪ್ಪ ರೇಗಿದರು. "ಜಗಳ ನಮ್ಮಿಬ್ಬರದ್ದು ಮಾರಾಯ್ರೆ, ಅವರು ಯಾಕೆ ಮಧ್ಯೆ?" ಅವರನ್ನು ಬಿಟ್ಟು ಗೆದ್ದರೆ ನಾಳೆ ಅವರು ಬೇರೆ ಕೇಸು ಹಾಕಬಹುದು, ಎಲ್ಲ ಮೊದಲಿನಿಂದ ಶುರು ಎಂದು ವಕೀಲರು ಹೇಳಿದ ಮೇಲೆ ಒಪ್ಪಿದರು. ಅರ್ಜಿ ಮಂಜೂರಾಯಿತು.

ಆದರೆ ತೊಡಕು ಅಲ್ಲಿಗೇ ಮುಗಿಯಲಿಲ್ಲ. ಕೋರ್ಟಿನ ಅಮೀನ ಸಮನ್ಸ್ ತಂದಾಗ ಆಸ್ಯಮ್ಮ ಮುಟ್ಟಲೇ ಇಲ್ಲ. 'ಎರಡನೇ ಪ್ರತಿವಾದಿ' ಎಂದು ಸೊಸೆ ಜಸೀಲಾ ಓದಿ ಹೇಳಿದ್ದೇ ತಡ, ಅತ್ತೆಗೆ ಅಳು ಬಂತು. ಹಾಗೇ ಬಿಟ್ಟರೆ ಕೋರ್ಟು ಅವರ ಮಾತು ಕೇಳದೆಯೇ ತೀರ್ಪು ಕೊಡುತ್ತದೆ.

ನೀಲಾವತಿ ಮತ್ತೆ ಮೊದಲ ಬಸ್ಸು ಹಿಡಿದರು. "ನಾನು ಯಾರ ನೀರು ಕದ್ದಿದ್ದೇನೆ?" ಎಂದು ಆಸ್ಯಮ್ಮ ಕೇಳಿದರು.

"ಕದ್ದಿದ್ದೀರಿ ಅಂತ ಅಲ್ಲ ಆಸ್ಯಮ್ಮ, ನಿಮ್ಮನ್ನು ಕೇಳದೆ ಬೇಲಿ ಹಾಕಬಾರದು ಅಂತ. ನಮ್ಮ ವಕೀಲರು ನಿಮ್ಮ ಪರ ಬರಲಿಕ್ಕಾಗುವುದಿಲ್ಲ. ಕಾನೂನು ಸೇವಾ ಸಮಿತಿಯವರು ಧರ್ಮಕ್ಕೆ ವಕೀಲರನ್ನು ಕೊಡ್ತಾರೆ. ಅಲ್ಲಿಗೆ ಹೋಗುವ."

ಇಷ್ಟು ಹಟ ಏಕೆ ಎಂದು ಕೇಳಿದರೆ ನೀಲಾವತಿ ಹಳೆಯ ಕೇಸೊಂದರ ಮಾತು ತೆಗೆಯುತ್ತಾರೆ. ಇಪ್ಪತ್ತೈದು ವರ್ಷದ ಹಿಂದೆ ಮೂಡುಬಿದಿರೆ ಕಡೆಯ ಒಂದು ದಾವೆಯಲ್ಲಿ ಅವರು ಪಹಣಿ ನೋಡಿಯೇ ಪಟ್ಟಿ ಬರೆದಿದ್ದರು. ತೀರ್ಪು ಬಂದ ವಾರವೇ ಗೆದ್ದವರು ಬಾವಿಯ ಸುತ್ತ ಗೋಡೆ ಕಟ್ಟಿದರು. ಅದೇ ಬಾವಿಯ ನೀರು ಸೇದುತ್ತಿದ್ದ, ಪಟ್ಟಿಯಲ್ಲಿ ಹೆಸರಿಲ್ಲದ ಮೈಮೂನಮ್ಮ ಎಂಬವರು ಖಾಲಿ ಕೊಡಪಾನ ಹಿಡಿದು ಕಚೇರಿಗೆ ಬಂದರು. ಹೊಸ ಕೇಸು ಹಾಕುವ ತ್ರಾಣ ಅವರಿಗಿರಲಿಲ್ಲ. "ಬೈಯಲೂ ಇಲ್ಲ. ನನ್ನನ್ನು ಯಾಕೆ ಕೇಳಲಿಲ್ಲ ಅಂದರು, ಅಷ್ಟೇ. ಅದು ನನ್ನ ತಪ್ಪು."

ಜೂನಿನ ಒಂದು ಬೆಳಗ್ಗೆ ಬೆಳ್ತಂಗಡಿ ಕೋರ್ಟಿನಲ್ಲಿ ಆಸ್ಯಮ್ಮನ ಹೆಸರು ಕೂಗಿದರು. ಪಕ್ಕದಲ್ಲಿ ವಕೀಲರಿದ್ದರೂ ಅವರೇ ಎದ್ದು ನಿಂತು, "ಇದ್ದೇನೆ" ಎಂದರು, ಶಾಲೆಯಲ್ಲಿ ಹಾಜರಿ ಹೇಳಿದ ಹಾಗೆ. ಯಾರೋ ನಕ್ಕರು. ಹಿಂದಿನ ಬೆಂಚಿನಲ್ಲಿ ಫೈಲು ಹಿಡಿದು ಕೂತಿದ್ದ ನೀಲಾವತಿ ನಗಲಿಲ್ಲ.

ಕೇಸು ಇನ್ನೂ ನಡೆಯುತ್ತಿದೆ. ಯಾರು ಗೆಲ್ಲಬೇಕು ಎಂದು ಕೇಳಿದರೆ ನೀಲಾವತಿ, "ನಾನು ಜತ್ತಪ್ಪಣ್ಣನ ಕಡೆಯವಳಲ್ಲವಾ, ಹಾಗೆಲ್ಲ ಹೇಳಬಾರದು," ಎಂದು ನಗುತ್ತಾರೆ. ಆಮೇಲೆ ಮೆಲ್ಲಗೆ ಸೇರಿಸುತ್ತಾರೆ: "ಮೈಮೂನಮ್ಮ ಈಗ ಇಲ್ಲ. ಇದ್ದಿದ್ದರೆ ಆಸ್ಯಮ್ಮನ ಹೆಸರು ಕೂಗಿದ ದಿನ ಅವರನ್ನೂ ಕೋರ್ಟಿಗೆ ಕರ್ಕೊಂಡು ಹೋಗ್ತಿದ್ದೆ, ನನ್ನ ಪಕ್ಕ ಕೂರಲಿಕ್ಕೆ."