ಕಾಗದ ತಂದುಕೊಡುವವರು

ನಾನು ಡಿಗ್ರಿ ಮುಗಿಸುವುದು ಆಗದ ಮಾತು ಎಂದವಳು ಬೇರೆ ಯಾರೂ ಅಲ್ಲ, ನಮ್ಮಮ್ಮ. "ನಮ್ ವಂಶದಲ್ಲೇ ಇಲ್ಲ ಕಣೆ. ನಾಲ್ಕು ಜನರ ಮುಂದೆ ನಿಂತ್ರೆ ನಿನ್ ಬಾಯೇ ಕಟ್ಟತ್ತೆ" ಎಂದಿದ್ದಳು.

ಐರ್ಲೆಂಡಿನ ಟಾಲಾದಲ್ಲಿ ನಮ್ಮ ಪಕ್ಕದ ಮನೆಯಲ್ಲಿದ್ದ ಪೋಲೆಂಡಿನ ಹಿರಿಯರು ತಮ್ಮ ದೇಶದ ಸಿನಿಮಾ, ಟಿವಿಗಳಲ್ಲಿ ಮೂವತ್ತು ವರ್ಷ ಸಣ್ಣ ಪಾತ್ರ ಮಾಡಿದವರು. ಹೆಚ್ಚಾಗಿ ಪೋಸ್ಟ್‌ಮ್ಯಾನ್. ನಾಯಕನಿಗೆ ಕಾಗದ ಕೊಟ್ಟು ಹೊರಡುವುದಷ್ಟೇ ಕೆಲಸ. ಆದರೂ ಬಾಗಿಲು ತಟ್ಟುವ ಮೊದಲು "ಇವನು ಈಗ ಎಲ್ಲಿಂದ ಬಂದ?" ಎಂದು ಕೇಳಿಕೊಳ್ಳುತ್ತಿದ್ದರಂತೆ. ಮೂರು ಮಹಡಿ ಹತ್ತಿ ಬಂದವನಾದರೆ ನಿಜಕ್ಕೂ ಹತ್ತಿ ಬರುತ್ತಿದ್ದರು. ನಮ್ಮ ಮನೆಗೆ ಸಕ್ಕರೆ ಕೇಳಲು ಬಂದರೂ ಹೊಸ್ತಿಲಲ್ಲಿ ಒಂದು ಕ್ಷಣ ನಿಂತೇ ಒಳಗೆ ಬರುವರು.

ವೃದ್ಧರ ನರ್ಸಿಂಗ್ ಹೋಮಿನಲ್ಲಿ ದುಡಿಯುತ್ತಲೇ ಅದೇ ವಿಷಯದಲ್ಲಿ ಡಿಗ್ರಿ ಓದುತ್ತಿದ್ದ ನನಗೆ ಕೊನೆಯ ಮೌಖಿಕ ಪರೀಕ್ಷೆ ಬಂತು. ಅವರ ಅಡುಗೆಮನೆಯಲ್ಲಿ ಅಭ್ಯಾಸ ಮಾಡುವಾಗ ಮೂರು ಸಲ ನಡುವೆಯೇ ತಡವರಿಸಿ ನಿಂತೆ.

"ಹೊರಗೆ ಹೋಗಿ ಮತ್ತೆ ಬಾ. ಈಗ ಎಲ್ಲಿಂದ ಬಂದೆ, ಹೇಳು" ಎಂದರು.

"ಡ್ಯೂಟಿಯಿಂದ. ಒಬ್ಬರು ಅಜ್ಜಿಗೆ ಗಂಜಿ ಕುಡ್ಸಿ ಬಂದೆ."

"ಗ್ರ್ಯಾಂಡ್! ಅಲ್ಲಿಂದ್ಲೇ ಶುರುಮಾಡು."

ಪರೀಕ್ಷೆಯಲ್ಲಿ ಆ ಅಜ್ಜಿಯಿಂದಲೇ ಶುರುಮಾಡಿದೆ. ಬಾಯಿ ಕಟ್ಟಲಿಲ್ಲ.

ಪದವಿ ಪ್ರದಾನಕ್ಕೆ ಅಮ್ಮ ಊರಿನಿಂದ ಬಂದಳು. ಅವಳ ಪಕ್ಕದಲ್ಲಿ ಆ ಹಿರಿಯರು ಕೂತಿದ್ದರು. ವೇದಿಕೆಯಿಂದಿಳಿದು ಪ್ರಮಾಣಪತ್ರವನ್ನು ಅವರ ಕೈಗಿಟ್ಟೆ. ಅವರು ಎದ್ದು ಕೋಟಿನ ಗುಂಡಿ ಹಾಕಿಕೊಂಡು, ಮೆಟ್ಟಿಲು ಹತ್ತಿ ಬಂದವರಂತೆ ಒಮ್ಮೆ ಉಸಿರುಬಿಟ್ಟು, ಎರಡೂ ಕೈಯಿಂದ ಅದನ್ನು ಅಮ್ಮನಿಗೆ ಕೊಟ್ಟು, ಒಂದು ಹೆಜ್ಜೆ ಹಿಂದೆ ಸರಿದರು.

ಅಮ್ಮ ಅದನ್ನು ಎದೆಗೊತ್ತಿಕೊಂಡು ನನ್ನ ಕಿವಿಯಲ್ಲಿ ಕೇಳಿದಳು: "ನಾನು ಆಗಲ್ಲ ಅಂದಿದ್ದು ಇವ್ರಿಗೂ ಹೇಳ್ಬಿಟ್ಟಿದೀಯೇನೆ?"