ಪಿಂಕುಸನ ತುಟಿ, ಟೆಸ್ಮರನ ದನಿ

೧೯೩೩ರಲ್ಲಿ ನಾಟ್ಸಿಗಳು ನಮ್ಮ ಜರ್ಮನ್ ಸಿನಿಮಾದಿಂದ ಯೆಹೂದಿ ನಟರನ್ನು ಹೊರದಬ್ಬಿದಾಗ ಅವರ ಜಾಗಗಳು ಖಾಲಿ ಉಳಿಯಲಿಲ್ಲ. ಅಲ್ಲಿ ಹೋಗಿ ನಿಂತವರಿದ್ದರು. ಇದು ಬರ್ಲಿನ್ನಿನ ಪ್ರತಿ ಮನೆಗೂ ಗೊತ್ತು. ಗೊತ್ತಿಲ್ಲದವರಂತೆ ಕಾಫಿ ಕುಡಿಯುತ್ತೇವೆ, ಅಷ್ಟೆ.

ಅಲ್ವಿನ್ ಟೆಸ್ಮರ್ ಹಾಗೆ ಹೋಗಿ ನಿಂತವನು. ನಾಯಕನಿಗೆ ಬಾಗಿಲು ತೆಗೆಯುವವನು, ಬಿಯರ್ ತಂದಿಡುವವನು, ಇಂಥವೇ ಅವನ ಪಾತ್ರಗಳು. ಮುಖ ಎಲ್ಲರಿಗೂ ಪರಿಚಿತ, ಹೆಸರು ಯಾರಿಗೂ ಬೇಡ. ಅವನ ಗೆಳೆಯ ಯೂಲಿಯುಸ್ ಪಿಂಕುಸನೂ ಅಂಥದೇ ಪಾತ್ರಗಳ ನಟ, ಆದರೆ ಒಂದು ಕೈ ಮೇಲು. ಪಿಂಕುಸ್ ಪರದೆಯ ಮೇಲೆ ಟಿಕೆಟ್ ಕೇಳಿದರೆ ಜನ ಬಿದ್ದು ಬಿದ್ದು ನಗುತ್ತಿದ್ದರು. ಟೆಸ್ಮರ್ ಕೇಳಿದರೆ ಜೇಬು ತಡಕುತ್ತಿದ್ದರು.

ಅರ್ಧ ಮುಗಿದ ಚಿತ್ರದಿಂದ ಪಿಂಕುಸನನ್ನು ತೆಗೆದ ದಿನವೇ ಅವನ ಟ್ರಾಮ್ ಕಂಡಕ್ಟರ್ ಕೋಟನ್ನು ಟೆಸ್ಮರನಿಗೆ ತೊಡಿಸಿದರು. ಕೋಟು ಇನ್ನೂ ಬೆಚ್ಚಗಿತ್ತು.

"ಭುಜ ದೊಗಳೆ ಆಯ್ತು ಕಣೋ ನಿಂಗೆ," ಪಿಂಕುಸ್ ಕಾಲರ್ ಸರಿಮಾಡಿದ. "ಒಳಗೆ ಹತ್ತಿ ತುಂಬಿಸ್ಕೋ."

"ನೀನೇನ್ಮಾಡ್ತೀಯೋ ಈಗ?"

"ದೇಶ ಬಿಡ್ತೀನಿ. ನೀನು 'ಈ ಪಾತ್ರ ನಾನು ಮಾಡಲ್ಲ' ಅಂತೀಯೇನೋ ಅಂತ ಸ್ವಲ್ಪ ಹೊತ್ತು ಕಾದೆ. ಎಂಥಾ ದಡ್ಡ ನೋಡು ನಾನು!"

ಟೆಸ್ಮರ್ ಕೋಟಿನ ಗುಂಡಿ ಹಾಕಿಕೊಂಡ.

ಯುದ್ಧ ಮುಗಿಯಿತು. ವಯಸ್ಸಾದ ಟೆಸ್ಮರನಿಗೆ ಡಬ್ಬಿಂಗೇ ಹೊಟ್ಟೆಪಾಡಾಯಿತು. ಇಲ್ಲಿಂದ ಅಮೆರಿಕಕ್ಕೆ ಓಡಿಹೋದ ಯೆಹೂದಿ ನಟರಿಗೆ ಅಲ್ಲಿ ಸಿಕ್ಕಿದ್ದು ನಾಟ್ಸಿ ಅಧಿಕಾರಿಯ ಪಾತ್ರ. ಆ ಚಿತ್ರಗಳು ಇಲ್ಲಿಗೆ ಬಂದಾಗ ನಾವು ಮಾತು ಬದಲಿಸಿ ಆ ಅಧಿಕಾರಿಯನ್ನು ಕಳ್ಳಸಾಗಣೆದಾರನನ್ನಾಗಿ ಮಾಡಿದೆವು. ನಮ್ಮ ಮನಸ್ಸಿಗೆ ನೋವಾಗಬಾರದಲ್ಲ, ಪಾಪ!

ಡಬ್ಬಿಂಗಿನಲ್ಲಿ ಚಿತ್ರದ ಒಂದೊಂದು ತುಣುಕನ್ನೂ ತುದಿಗೆ ತುದಿ ಸೇರಿಸಿ ಬಳೆಯಂತೆ ಅಂಟಿಸಿ, ಮಾತು ತುಟಿಗೆ ಕೂಡುವವರೆಗೆ ಸುತ್ತಿಸುತ್ತಲೇ ಇರುತ್ತಾರೆ. ಒಂದು ದಿನ ಆ ಕತ್ತಲ ಕೋಣೆಯ ಪರದೆಯ ಮೇಲೆ, ಅಂಥದೇ ನಾಟ್ಸಿ ಅಧಿಕಾರಿಯ ಪಾತ್ರದಲ್ಲಿ, ಪಿಂಕುಸನ ಮುಖ ಬಂತು. ಅವನು ಕ್ಯಾಲಿಫೋರ್ನಿಯಾದಲ್ಲಿ ತೀರಿಕೊಂಡು ಒಂದು ಚಳಿಗಾಲ ಕಳೆದಿತ್ತು. ಇಂಗ್ಲಿಷಿನಲ್ಲಿ ಮಾತಾಡುತ್ತಿದ್ದವನು ಮುಂದಕ್ಕೆ ಬಾಗಿ, ಥಟ್ಟನೆ ಜರ್ಮನಿನಲ್ಲಿ, ತನ್ನದೇ ಬರ್ಲಿನ್ ಧಾಟಿಯಲ್ಲಿ ಹೇಳಿದ: "ಮುಖ ನೋಡಿ ಮಾತಾಡು!"

ಟೆಸ್ಮರನ ಕೈಯಲ್ಲಿದ್ದ ಹಾಳೆಯಲ್ಲಿ ಅದರ ಬದಲಿಗೆ ಬರೆದಿದ್ದ ಹೊಸ ಮಾತು: "ಸರಕೆಲ್ಲಿ ಬಚ್ಚಿಟ್ಟೆ?"

"ರಾಡೆಮಾಖರ್ ಅವ್ರೇ," ಎಂದ ಟೆಸ್ಮರ್ ಡಬ್ಬಿಂಗ್ ನಿರ್ದೇಶಕನಿಗೆ, "ಇದು ಜರ್ಮನ್ನೇ ಅಲ್ವಾ? ಅವನದೇ ದನಿ. ಇದೊಂದು ಮಾತು ಹಾಗೇ ಬಿಟ್ಬಿಡಿ."

"ಒಂದು ಬಾಯಿಗೆ ಎರಡು ದನೀನಾ? ಜನ ನಗ್ತಾರೆ ಸ್ವಾಮಿ."

"ನಗಲಿ ಬಿಡಿ. ಅವನಿಗೆ ಅದೇ ಬೇಕಿತ್ತು."

"ಹೊರಗೆ ಬೆಂಚಿನ ಮೇಲೆ ಇನ್ನೊಬ್ರು ಕಾಯ್ತಾ ಇದಾರೆ. ಕರೀಲಾ?"

ತುಣುಕು ಸುತ್ತತೊಡಗಿತು. ಮುಖ ಬಾಗಿತು, ಹಿಂದೆ ಸರಿಯಿತು, ಮತ್ತೆ ಬಾಗಿತು. ಮುಖ ನೋಡಿ ಮಾತಾಡು. ಮುಖ ನೋಡಿ ಮಾತಾಡು. ಕಣ್ಣು ತಪ್ಪಿಸುವಂತಿಲ್ಲ, ತುಟಿ ನೋಡದೆ ಆ ಕೆಲಸವಿಲ್ಲ. ಕೊನೆಗೆ ಟೆಸ್ಮರ್ ಬಾಯಿ ತೆರೆದ. ಮಾತು ಕೂಡಿತು. ಆದರೆ ಹೊರಬಿದ್ದದ್ದು ಪಿಂಕುಸನದೇ ಧಾಟಿ.

"ಭೇಷ್! ಸತ್ತವನೇ ಎದ್ದು ಬಂದಂಗಿದೆ!" ರಾಡೆಮಾಖರ್ ಚಪ್ಪಾಳೆ ತಟ್ಟಿದ. ಆಮೇಲೆ ಪಿಂಕುಸನ ಸ್ವಂತ ಮಾತನ್ನು ಅಳಿಸಿದರು.

ಇದನ್ನು ಗೆಳೆತನದ ಕಾಣಿಕೆ ಎನ್ನುವವರಿದ್ದಾರೆ. ನಂಬಬೇಡಿ. ಮೊದಲು ಜಾಗ ಹೋಗಿತ್ತು, ಈಗ ದನಿಯೂ ಹೋಯಿತು.

ನಮ್ಮಲ್ಲಿ ಒಂದು ಮುಖಕ್ಕೆ ಒಂದು ದನಿ ಗಂಟುಬಿದ್ದರೆ ಮುಗಿಯಿತು, ಕೊನೆಯವರೆಗೂ ಅದೇ. ಪಿಂಕುಸನ ಹಳೆಯ ಅಮೆರಿಕನ್ ಚಿತ್ರಗಳು ಒಂದೊಂದಾಗಿ ಬರುತ್ತಲೇ ಹೋದವು. ಸತ್ತವನು ಪ್ರತಿ ಸಲವೂ ಇನ್ನಷ್ಟು ಎಳೆಯವನಾಗಿ ಬಂದು ಕತ್ತಲಲ್ಲಿ ಬಾಗುತ್ತಿದ್ದ. ಒಂದು ಬೆಳಿಗ್ಗೆ ಟೆಸ್ಮರ್ ಊಟದ ಮೇಜಿನಲ್ಲಿ ಬ್ರೆಡ್ ಕೇಳಿದಾಗ ಹೆಂಡತಿ ಹೆಡ್ವಿಗ್ ಬೆಚ್ಚಿ ಬಾಗಿಲ ಕಡೆ ತಿರುಗಿದಳು.

"ಯಾರ್ರೀ ಅದು ಬಂದಿದ್ದು?"

ಅಂದಿನಿಂದ ಅವನು ಮನೆಯಲ್ಲಿ ಬೇಕಾದ್ದನ್ನು ಬೆರಳಿನಿಂದ ತೋರಿಸುತ್ತಿದ್ದ.

ಅವನನ್ನು ಮಣ್ಣು ಮಾಡುವಾಗ ಸಿನಿಮಾದವರು ಹೊಗಳಿದರು: ಪಿಂಕುಸನಿಗೆ ದನಿ ಕೊಟ್ಟ ಮಹಾನುಭಾವ! ಕೊಟ್ಟನಂತೆ!

ಆ ಮೊದಲ ಚಿತ್ರದ ಅಮೆರಿಕನ್ ಪ್ರತಿಯಲ್ಲಿ ಪಿಂಕುಸ್ ಇನ್ನೂ ತನ್ನ ಬಾಯಲ್ಲೇ ಮಾತಾಡುತ್ತಾನೆ. ನಿಮ್ಮ ಬೀದಿಯ ಚಿತ್ರಮಂದಿರದವನು ನಾಳೆ ಮತ್ತೆ ಕಳ್ಳಸಾಗಣೆಯ ಕತೆ ಹಾಕಿದರೆ ಟಿಕೆಟ್ ಕೊಳ್ಳಬೇಡಿ. ಅವನೆದುರು ನಿಂತು, ಆ ಪ್ರತಿಯನ್ನೇ ತರಿಸು ಎನ್ನಿ. ತರಿಸುವವರೆಗೆ ಕದಲಬೇಡಿ.