ಎರಡು ಕಾಪಿ, ಒಂದು ಗೇಟು

ಬಿಸಿ ಜೆರಾಕ್ಸ್ ಕಾಗದದ ವಾಸನೆಗೆ ಮೈ ನವಿರೇಳುವ ಮನುಷ್ಯನನ್ನು ನೀವು ನೋಡಿಲ್ಲದಿದ್ದರೆ, ಇವತ್ತು ನನ್ನನ್ನು ನೋಡಬೇಕಿತ್ತು. ಬಾಗಲೂರಿನ ಬಸ್ಸಿನಲ್ಲಿ ತೀರ್ಪಿನ ಕಾಪಿಯನ್ನು ಮೂಗಿಗೆ ಹಿಡಿದು ಕೂತಿದ್ದೆ. ಸ್ಕೂಲು ಮೇಷ್ಟ್ರಿಗೆ ಶೋಭಿಸುವ ಕೆಲಸವಲ್ಲ, ಒಪ್ಪುತ್ತೇನೆ. ಪಕ್ಕದಲ್ಲಿದ್ದ ನನ್ನ ಸೋದರತ್ತೆ ಸಾಕಮ್ಮ, "ಮೂಸಿದ್ ಸಾಕು ಕಣ್ಲಾ, ಮಡಿಕೆ ಬೀಳ್ತದೆ" ಅಂತ ಗದರಿದಳು.

ಸ್ವಲ್ಪ ಹಿಂದಿನಿಂದ ಹೇಳುತ್ತೇನೆ. ಅತ್ತೆಯ ಗುಲಾಬಿ ತೋಟ ಅವಳ ಮೈದುನ ಮುನಿಯಪ್ಪ ಮಾವನ ಹೊಲದ ಹಿಂದಿದೆ. ಅಣ್ಣ, ಅಂದರೆ ಅತ್ತೆಯ ಗಂಡ, ತೀರಿಕೊಂಡ ಮೇಲೆ ಮಾವ "ದಾರಿ ನಂದು" ಅಂತ ಕಬ್ಬಿಣದ ಗೇಟು ಹಾಕಿ ಬೀಗ ಜಡಿದರು. ಅತ್ತೆ ಹೂವಿನ ಬುಟ್ಟಿ ಹೊತ್ತು ಬದುವಿನ ಮೇಲೆ ಸುತ್ತಿ ಬರತೊಡಗಿದಳು. ಎರಡು ಸಲ ಜಾರಿ ಬಿದ್ದಳು. ಕೇಸು ಹಾಕಿದಳು, ಗೆದ್ದಳು. ದಾರಿ ಬಿಡಬೇಕು ಅಂತ ಜಡ್ಜು ಹೇಳಿದ್ದನ್ನು ನಾನೇ ಕಿವಿಯಾರೆ ಕೇಳಿದೆ. ಆದರೆ ಗೇಟಿನ ಮುಂದೆ ನನ್ನ ಕಿವಿಗೇನು ಬೆಲೆ?

"ಏನಂತ ಬರ್ದವ್ರೆ, ತಂದು ತೋರ್ಸು. ಓದ್ಸಿ ಕೇಳುದ್ ಮೇಲೆ ಬೀಗ ತಗೀತೀನಿ" ಅಂದರು ಮಾವ.

ಇಬ್ಬರೂ ಕಾಪಿಗೆ ಅರ್ಜಿ ಹಾಕಿದರು. ಯಾವ ಕೋರ್ಟು ಅಂತ ಕೇಳಬೇಡಿ, ನನಗೆ ಇನ್ನೂ ಅಲ್ಲಿ ಓಡಾಟವಿದೆ. ಅರ್ಜಿಯ ನಂಬರನ್ನು ಬೋರ್ಡಿಗೆ ಅಂಟಿಸುತ್ತಾರೆ. ಅಂಟಿಸಿದ ಕೆಲವೇ ದಿನಗಳಲ್ಲಿ ಕಾಪಿ ತೆಗೆಯಲು ಬೇಕಾದ ಸ್ಟ್ಯಾಂಪು ಕಾಗದ ಕೊಡದಿದ್ದರೆ ಅರ್ಜಿ ರದ್ದು. ಹಾಗಾಗಿ ವಾದಿ, ಪ್ರತಿವಾದಿ ಒಂದೇ ಬಸ್ಸಿನಲ್ಲಿ ಬಂದು, ಒಂದೇ ಬೋರ್ಡಿನ ಮುಂದೆ ಮುಖ ತಿರುಗಿಸಿಕೊಂಡು ನಿಲ್ಲುತ್ತಿದ್ದರು. ಇಂಗ್ಲಿಷಿನ ಆ ಚೀಟಿ ಓದುವವನು ನಾನೊಬ್ಬನೇ. ಒಂದು ದಿನ ಎರಡು ನಂಬರೂ ಬಂದವು. ನಾನು ಅತ್ತೆಯದನ್ನಷ್ಟೇ ಓದಿ ಹೇಳಿದೆ! ಮಾವನ ಅರ್ಜಿ ರದ್ದಾಯಿತು. ಅವತ್ತು ನಾನು ಭಾರಿ ಜಾಣನೆಂದುಕೊಂಡು ಕಾಫಿ ಕುಡಿದೆ. ಈಗ ನೆನೆದರೆ ನಾಚಿಕೆಯಾಗುತ್ತದೆ.

ಸ್ಟ್ಯಾಂಪು ಕೊಟ್ಟರೂ ಅತ್ತೆಗೆ ಕಾಪಿ ಬರಲಿಲ್ಲ. ಟೈಪಾಗಿಲ್ಲ, ಸಹಿಯಾಗಿಲ್ಲ, ಮುಂದಿನ ವಾರ ಬನ್ನಿ. ಹೀಗೇ ಒಂದು ವರ್ಷ. ಮಾವನೂ ಹೊಸ ಅರ್ಜಿ ಹಾಕಿ ಕಾಯುತ್ತಿದ್ದರು. ಗೆದ್ದವಳಿಗೆ ದಾರಿಯಿಲ್ಲ, ಸೋತವರಿಗೆ ಏಕೆ ಸೋತೆನೆಂದು ಗೊತ್ತಿಲ್ಲ. ವಕೀಲರಂತೂ ಗೆದ್ದೆವು ಅಂದರೇ ಹೊರತು ಹೇಗೆಂದು ಬಿಡಿಸಿ ಹೇಳಿರಲಿಲ್ಲ.

ನಮ್ಮಂತೆಯೇ ಕಾದು ಬೇಸತ್ತ ಯಾರೋ ಪುಣ್ಯಾತ್ಮರು ಮೇಲಿನ ಕೋರ್ಟಿಗೆ ಹೋಗಿದ್ದರಂತೆ. ಕಾಪಿ ಪಡೆಯುವುದು ಕಕ್ಷಿದಾರರ ಹಕ್ಕು, ಬಾಕಿಯಿರುವುದನ್ನೆಲ್ಲ ತಕ್ಷಣ ಕೊಡಿ ಎಂದು ಅಲ್ಲಿಂದ ಕೆಳಗಿನ ಕೋರ್ಟುಗಳಿಗೆಲ್ಲ ಆದೇಶ ಬಂದಿತು. ಇವತ್ತು ಬೆಳಿಗ್ಗೆ ಗುಮಾಸ್ತರೇ ಕಿಟಕಿಯಿಂದ ತಲೆ ಹಾಕಿ, "ರೆಂಡು ಪೇರುಮೇ ವಾಂಗ" ಅಂತ ತಮಿಳಿನಲ್ಲಿ ಇಬ್ಬರನ್ನೂ ಒಟ್ಟಿಗೆ ಕರೆದರು. ನನ್ನ ಕಾಲು ನೆಲದ ಮೇಲಿರಲಿಲ್ಲ!

ಬಸ್ಸಿಳಿದವರೇ ಮೂವರೂ ಗೇಟಿನ ಹತ್ತಿರ ನಿಂತೆವು. ಓದುವ ಮೊದಲು ನನ್ನ ತಪ್ಪು ಒಪ್ಪಿಕೊಂಡೆ: "ಮಾವ, ಅವತ್ತು ಬೋರ್ಡಲ್ಲಿ ನಿಮ್ ನಂಬರೂ ಇತ್ತು. ನಾನ್ ಹೇಳ್ಲಿಲ್ಲ."

"ಮೇಷ್ಟ್ರು ನೀನು!" ಅಂದರು ಮಾವ. "ಈಗ್ಲಾದ್ರೂ ಪೂರ್ತಿ ಓದು."

ಒಂದೊಂದೇ ಸಾಲನ್ನು ಕನ್ನಡಕ್ಕೆ ತಿರುಗಿಸುತ್ತ ಹೋದೆ. ಏಳನೆಯ ಪುಟದಲ್ಲಿ ಹೀಗಿತ್ತು: ಸಾಕಮ್ಮ ಮದುವೆಯಾಗಿ ಎತ್ತಿನ ಗಾಡಿಯಲ್ಲಿ ಬಂದದ್ದು ಈ ದಾರಿಯಲ್ಲೇ, ಆ ಗಾಡಿ ಹೊಡೆದವನು ತಾನೇ ಎಂದು ಪ್ರತಿವಾದಿ ಮುಚ್ಚುಮರೆಯಿಲ್ಲದೆ ಒಪ್ಪಿದ್ದಾರೆ, ಅವರ ಈ ಪ್ರಾಮಾಣಿಕ ಮಾತನ್ನು ನ್ಯಾಯಾಲಯ ಪೂರ್ತಿ ನಂಬುತ್ತದೆ.

ಮಾವ ಸಾಕ್ಷಿ ಹೇಳಿದ ದಿನ ಅತ್ತೆ ತೋಟದಲ್ಲಿ ಹೂ ಕೀಳುತ್ತಿದ್ದಳು. ಅವಳಿಗೆ ಇದು ಗೊತ್ತೇ ಇರಲಿಲ್ಲ.

"ಹಂಗಂದ್ಯಾ ಮುನಿಯಪ್ಪ, ಕೋರ್ಟಲ್ಲಿ?"

"ಕೇಳುದ್ರು ಅತ್ಗೆ. ಇಲ್ಲ ಅನ್ನಕ್ಕಾಯ್ತದಾ? ನನ್ನ ಸುಳ್ಗಾರ ಅಂತ ಬರ್ದವ್ರೆ ಅನ್ಕೊಂಡಿದ್ದೆ, ಒಂದ್ ವರ್ಷದಿಂದ." ಮಾವ ಸೊಂಟಕ್ಕೆ ಕಟ್ಟಿದ್ದ ಬೀಗದ ಕೈ ಬಿಚ್ಚಿದರು. ಬೀಗ ತೆಗೆದರು. ಅಷ್ಟಕ್ಕೇ ಬಿಡದೆ ಗೇಟನ್ನೇ ಕೊಂಡಿಯಿಂದ ಎತ್ತಲು ಒಂದು ತುದಿ ಹಿಡಿದರು.

ಕಾಗದ ಕಂಕುಳಿಗೆ ಸೇರಿಸಿ ಇನ್ನೊಂದು ತುದಿಗೆ ನಾನು ಓಡಿದೆ. ಅಷ್ಟರಲ್ಲಿ ಅತ್ತೆ ಅದನ್ನು ಹಿಡಿದಾಗಿತ್ತು.

"ನೀನ್ ಬಿಡ್ಲಾ" ಅಂದಳು. "ಆ ಏಳ್ನೇ ಪುಟ ಇನ್ನೊಂದ್ಸಲ ಓದು."